ಮೂರಕ್ಷರದ ಒಂದು ಕ್ರಿಯಾಪದ

ನಿಮ್ಮ ನಡುಮನೆಯಲ್ಲಿ ಒಂದು ರೇಡಿಯೋ ಸೆಟ್ಟು ಇದೆ. ಅಡಿಗೆಮನೆಯ ಕಪಾಟಿನಲ್ಲಿ, ನೆಂಟರು ಬಂದಾಗ ಮಾತ್ರ ಹೊರಗೆ ಬರುವ ಟೀ ಸೆಟ್ಟು ಇರಬಹುದು. ಹೋಟೆಲಿಗೆ ಹೋದರೆ ಸೆಟ್ ದೋಸೆ ತರಿಸುತ್ತೀರಿ. ಹೊಸ ಚಲನಚಿತ್ರವೊಂದು ಸೆಟ್ಟೇರಿತೆಂದು ಪತ್ರಿಕೆಯಲ್ಲಿ ಓದುತ್ತೀರಿ. ಯಾರಾದರೂ ಇಬ್ಬರಿಗೆ ಹೊಂದಿಕೆಯಾಗದಿದ್ದರೆ, ‘ಅವರಿಬ್ಬರಿಗೂ ಸೆಟ್ ಆಗುವುದಿಲ್ಲ’ ಎಂದು ಮನೆಯ ಹುಡುಗರು ಹೇಳುವುದನ್ನೂ ಕೇಳಿರುತ್ತೀರಿ. ಇಂಗ್ಲಿಷು ಕಲಿಯದ ಅಜ್ಜಿಯೂ ಸಲೀಸಾಗಿ ಆಡುವಷ್ಟು ಈ ಮಾತು ನಮ್ಮದಾಗಿಬಿಟ್ಟಿದೆ.

ಆದರೆ ಇದೇ ಮಾತು ಇಂಗ್ಲಿಷು ಪಾಠದಲ್ಲಿ ಕ್ರಿಯಾಪದವಾಗಿ ಬಂದು ನಿಂತಾಗ ನಮ್ಮ ಮಕ್ಕಳಿಗೆ ದಿಕ್ಕು ತೋಚುವುದಿಲ್ಲ. ಅಲ್ಲಿ ಸೂರ್ಯನೂ ಸೆಟ್ ಆಗುತ್ತಾನೆ, ಸಿಮೆಂಟೂ ಸೆಟ್ ಆಗುತ್ತದೆ. ಗಡಿಯಾರವನ್ನು ಸೆಟ್ ಮಾಡುತ್ತಾರೆ, ಇಲಿಬೋನನ್ನು ಸೆಟ್ ಮಾಡುತ್ತಾರೆ, ಪ್ರಶ್ನೆಪತ್ರಿಕೆಯನ್ನೂ ಸೆಟ್ ಮಾಡುತ್ತಾರೆ. ಹುಡುಗ ನಿಘಂಟನ್ನು ತೆರೆದರೆ ಅಲ್ಲಿ ಅರ್ಥಗಳ ಸಂತೆಯೇ ನೆರೆದಿರುತ್ತದೆ. ಅದರಲ್ಲಿ ಯಾವುದನ್ನು ಎತ್ತಿಕೊಳ್ಳಬೇಕು, ಯಾವುದನ್ನು ಬಿಡಬೇಕು?

ನಾನು ಕನ್ನಡ ಪಂಡಿತ. ಇಂಗ್ಲಿಷಿನ ಗೊಡವೆ ಇವನಿಗೇಕೆ ಎಂದು ನೀವು ಕೇಳಬಹುದು. ಈ ಪದದ ವಿಷಯದಲ್ಲಿ ನಾನು ಒಮ್ಮೆ ಮಾಡಿದ ತಪ್ಪೇ ಅದಕ್ಕೆ ಕಾರಣ. ಅದನ್ನು ಮೊದಲು ಹೇಳಿಬಿಡುತ್ತೇನೆ.

ಹಲವು ವರ್ಷಗಳ ಹಿಂದಿನ ಮಾತು. ನಮ್ಮ ಪ್ರೌಢಶಾಲೆಯ ಇಂಗ್ಲಿಷು ಉಪಾಧ್ಯಾಯರು ರಜೆಯ ಮೇಲೆ ಹೋದರು. ಒಂಬತ್ತನೆಯ ತರಗತಿಯ ಇಂಗ್ಲಿಷು ಪಾಠ ಕೆಲವು ವಾರಗಳ ಮಟ್ಟಿಗೆ ನನ್ನ ಪಾಲಿಗೆ ಬಂತು. ಒಂದು ಕಿರುಪರೀಕ್ಷೆಯಲ್ಲಿ, ವೈದ್ಯರು ಮುರಿದ ಮೂಳೆಯನ್ನು ಸೆಟ್ ಮಾಡಿದರು ಎಂಬ ಇಂಗ್ಲಿಷು ವಾಕ್ಯವನ್ನು ಕನ್ನಡಕ್ಕೆ ತಿರುಗಿಸಲು ಕೊಟ್ಟಿದ್ದೆ. ನನ್ನ ಕೈಯಲ್ಲಿದ್ದ ಟಿಪ್ಪಣಿಯಲ್ಲಿ ‘ಜೋಡಿಸಿದರು’ ಎಂದಿತ್ತು. ಹೆಚ್ಚಿನ ಮಕ್ಕಳು ಹಾಗೆಯೇ ಬರೆದಿದ್ದರು. ಹಳ್ಳಿಯಿಂದ ನಡೆದು ಬರುತ್ತಿದ್ದ ಹುಡುಗನೊಬ್ಬ ಮಾತ್ರ ‘ವೈದ್ಯರು ಮೂಳೆಯನ್ನು ಕೂರಿಸಿದರು’ ಎಂದು ಬರೆದಿದ್ದ. ನಾನು ಕೆಂಪು ಶಾಯಿಯಲ್ಲಿ ಅದನ್ನು ಹೊಡೆದುಹಾಕಿದೆ. ಅಷ್ಟಕ್ಕೇ ಸುಮ್ಮನಿರಲಿಲ್ಲ. ಉತ್ತರಪತ್ರಿಕೆಯನ್ನು ಹಿಂದಿರುಗಿಸುವಾಗ, ‘ಏನಯ್ಯಾ, ಮೂಳೆಯೇನು ಮನೆಗೆ ಬಂದ ನೆಂಟನೇ, ಮಣೆ ಹಾಕಿ ಕೂರಿಸುವುದಕ್ಕೆ?’ ಎಂದೆ. ತರಗತಿಯೆಲ್ಲ ನಕ್ಕಿತು. ‘ನಮ್ಮ ತಾತ ಹಂಗೇ ಅಂತಾರೆ ಸಾ’ ಎಂದು ಹುಡುಗ ಮೆಲ್ಲಗೆ ಹೇಳಿ ಕುಳಿತುಕೊಂಡ. ಅವನ ತಾತ ಊರಿನಲ್ಲಿ ಮುರಿದ ಮೂಳೆಗೆ ಕಟ್ಟು ಹಾಕುವವರು ಎಂಬುದು ನನಗೆ ತಿಳಿದದ್ದು ಆಮೇಲೆ. ಅಂದಿನಿಂದ ಆ ಹುಡುಗ ನನ್ನ ತರಗತಿಯಲ್ಲಿ ತಾನಾಗಿ ಕೈಯೆತ್ತಲಿಲ್ಲ.

ಇನ್ನು ಪದದ ಕಡೆಗೆ ಬರೋಣ.

ಇಂಗ್ಲಿಷು ಭಾಷೆಗೆ ಆಕ್ಸ್‌ಫರ್ಡ್ ಇಂಗ್ಲಿಷ್ ಡಿಕ್ಷನರಿ ಎಂಬ ಮಹಾ ನಿಘಂಟು ಒಂದುಂಟು. ಅಂಥದೊಂದು ನಿಘಂಟು ಬೇಕೆಂಬ ಆಲೋಚನೆ ಲಂಡನ್ನಿನ ವಿದ್ವಾಂಸರಲ್ಲಿ ಮೊಳೆತದ್ದು 1857ರಲ್ಲಿ. ಮೊದಲ ಸಂಚಿಕೆ ಹೊರಬಿದ್ದದ್ದು 1884ರಲ್ಲಿ. ಕೆಲಸ ಮುಗಿದದ್ದು 1928ರಲ್ಲಿ. ತಮ್ಮ ಆಯುಸ್ಸಿನ ಬಹುಭಾಗವನ್ನು ಅದಕ್ಕೆ ಸವೆಸಿದ ಸಂಪಾದಕ ಜೇಮ್ಸ್ ಮರ್ರೆ ಅವರು 1915ರಲ್ಲಿಯೇ ತೀರಿಕೊಂಡರು. ಮುಗಿದ ನಿಘಂಟನ್ನು ಅವರು ಕಾಣಲಿಲ್ಲ. ಇದರ ಎರಡನೆಯ ಆವೃತ್ತಿ 1989ರಲ್ಲಿ 20 ಸಂಪುಟಗಳಾಗಿ ಬಂತು. ಆ 20 ಸಂಪುಟಗಳಲ್ಲಿ ಎಲ್ಲಕ್ಕಿಂತ ಉದ್ದವಾದ ವಿವರಣೆ ಯಾವ ಪದಕ್ಕೆ ಎಂದುಕೊಂಡಿರಿ? ದೇವರು, ಪ್ರೀತಿ, ಸಾವು ಮುಂತಾದ ದೊಡ್ಡ ಮಾತುಗಳಿಗಲ್ಲ. ಸೆಟ್ ಎಂಬ ಈ ಮೂರಕ್ಷರದ ಕ್ರಿಯಾಪದಕ್ಕೆ. ಅದಕ್ಕೆ ಸುಮಾರು 430 ಅರ್ಥಗಳು. ಆ ಅರ್ಥಗಳ ವಿವರಣೆಗೆ ಸುಮಾರು 60,000 ಪದಗಳು. ಒಂದು ಸಾಧಾರಣ ಕಾದಂಬರಿಯಷ್ಟು ಬರಹ ಒಂದೇ ಒಂದು ಕ್ರಿಯಾಪದಕ್ಕೆ! ಆಮೇಲೆ ನಿಘಂಟಿನ ಪರಿಷ್ಕರಣೆ ನಡೆದಾಗ ಬೇರೆ ಪದಗಳು ಇದನ್ನು ಮೀರಿಸಿದವು. ಓಡು ಎಂಬ ಅರ್ಥದ ರನ್ ಕ್ರಿಯಾಪದಕ್ಕೆ 645 ಅರ್ಥಗಳಾಗಿವೆ ಎಂಬ ಸುದ್ದಿ 2011ರಲ್ಲಿ ಬಂತು. ಇವೆಲ್ಲ ಮೂರು ನಾಲ್ಕು ಅಕ್ಷರದ, ಮನೆಮಾತಿನ, ಬಡ ಕ್ರಿಯಾಪದಗಳೇ ಎಂಬುದನ್ನು ಗಮನಿಸಿ. ದಿನವೂ ದುಡಿಯುವ ಪದಕ್ಕೇ ಅರ್ಥಗಳು ಹೆಚ್ಚು.

ಇದರ ತೊಡಕು ನಮಗೆ ಮಾತ್ರ ತಿಳಿದದ್ದೇನೂ ಅಲ್ಲ. ಸ್ಯಾಮ್ಯುಯೆಲ್ ಜಾನ್ಸನ್ ಎಂಬ ಪಂಡಿತರು 1755ರಲ್ಲಿ ಹೊರತಂದ ಇಂಗ್ಲಿಷು ನಿಘಂಟಿನ ಮುನ್ನುಡಿಯಲ್ಲಿಯೇ ಇದನ್ನು ಒಪ್ಪಿಕೊಂಡಿದ್ದಾರೆ. ಕ್ರಿಯಾಪದದ ಹಿಂದೆ ಒಂದು ಕಿರುಪದವನ್ನು ಸೇರಿಸಿ ಅರ್ಥವನ್ನೇ ಬದಲಿಸುವ ರೂಢಿ ತಮ್ಮ ಭಾಷೆಯಲ್ಲಿ ಬಹಳವೆಂದೂ, ಪರದೇಶದವರಿಗೆ ಅತಿ ಹೆಚ್ಚಿನ ಕಷ್ಟ ಅದರಿಂದಲೇ ಎಂದೂ ಅವರು ಹೇಳುತ್ತಾರೆ. ಅವರು ಅಲ್ಲಿ ಕೊಡುವ ಉದಾಹರಣೆಗಳಲ್ಲಿ ಸೆಟ್ ಆಫ್, ಸೆಟ್ ಇನ್, ಸೆಟ್ ಔಟ್ ಎಂಬ ಮೂರೂ ಉಂಟು.

ಹಾಗಾದರೆ 430 ಅರ್ಥಗಳನ್ನು ಬಾಯಿಪಾಠ ಮಾಡಬೇಕೆ? ಯಾವ ಇಂಗ್ಲಿಷಿನವನೂ ಮಾಡಿಲ್ಲ. ಅಲ್ಲಿನ ಮಗು ಐದಾರು ವರ್ಷಕ್ಕೆಲ್ಲ ಈ ಪದವನ್ನು ತಡೆಯಿಲ್ಲದೆ ಆಡುತ್ತದೆ. ಅದಕ್ಕೆ ಗೊತ್ತಿರುವುದು ಅರ್ಥಗಳ ಪಟ್ಟಿಯಲ್ಲ, ಪದದ ಸ್ವಭಾವ.

ಆ ಸ್ವಭಾವ ತಿಳಿಯಬೇಕಾದರೆ ಧಾತುವಿಗೆ ಹೋಗಬೇಕು. ಸಿಟ್ ಎಂದರೆ ಕುಳಿತುಕೊಳ್ಳು. ಇದು ಎಲ್ಲರಿಗೂ ಗೊತ್ತು. ಸೆಟ್ ಎಂಬುದು ಅದರ ಪ್ರೇರಣಾರ್ಥಕ ರೂಪ. ನಾವು ಪ್ರೇರಣಾರ್ಥಕ್ಕೆ ‘ಇಸು’ ಪ್ರತ್ಯಯವನ್ನು ಹಚ್ಚುತ್ತೇವೆ: ಮಾಡು, ಮಾಡಿಸು, ಕಲಿ, ಕಲಿಸು. ಹಳೆಯ ಇಂಗ್ಲಿಷಿನಲ್ಲಿ ಪದದ ಒಳಗಿನ ಸ್ವರ ಬದಲಾಗುತ್ತಿತ್ತು. ಫಾಲ್ ಎಂದರೆ ಬೀಳು, ಫೆಲ್ ಎಂದರೆ ಮರವನ್ನು ಬೀಳಿಸು. ಲೈ ಎಂದರೆ ಮಲಗು, ಲೇ ಎಂದರೆ ಮಲಗಿಸು. ಹಾಗೆಯೇ ಸಿಟ್ ಎಂದರೆ ಕೂರು, ಸೆಟ್ ಎಂದರೆ ಕೂರಿಸು.

ಕೂರಿಸು! ಒಂದು ರಜಾದಿನ ಶಾಲೆಯ ವಾಚನಾಲಯದಲ್ಲಿ ಕುಳಿತು ದೊಡ್ಡ ನಿಘಂಟೊಂದನ್ನು ತಿರುವಿಹಾಕುತ್ತಿದ್ದಾಗ ಈ ಸಂಗತಿ ನನ್ನ ಕಣ್ಣಿಗೆ ಬಿತ್ತು. ನಾನು ಹೊಡೆದುಹಾಕಿದ ಉತ್ತರ ತಪ್ಪಾಗಿರಲಿಲ್ಲ. ಟಿಪ್ಪಣಿ ನೋಡಿ ಬರೆದ ನನಗಿಂತ, ತಾತನ ಬಾಯಿಂದ ಕೇಳಿ ಬರೆದ ಆ ಹುಡುಗನೇ ಪದದ ಬೇರನ್ನು ಮುಟ್ಟಿದ್ದ. ಜಾರಿದ ಮೂಳೆಯನ್ನು ಅದರ ಜಾಗಕ್ಕೆ ತಂದು ಅಲುಗದಂತೆ ನೆಲೆಗೊಳಿಸುವುದಕ್ಕೆ ಇಂಗ್ಲಿಷಿನವರು ಆಡುವ ಮಾತೂ ‘ಕೂರಿಸು’, ನಮ್ಮ ಹಳ್ಳಿಯ ಮೂಳೆವೈದ್ಯರು ಆಡುವ ಮಾತೂ ‘ಕೂರಿಸು’.

ಇದು ಮೂಳೆಗೊಂದಕ್ಕೇ ಅಲ್ಲ. ಅಕ್ಕಸಾಲಿಗರು ಉಂಗುರಕ್ಕೆ ಹರಳು ಕೂರಿಸುತ್ತಾರೆ. ಇಂಗ್ಲಿಷಿನಲ್ಲಿ ಅದು ಸೆಟ್. ಹೇಂಟೆಯನ್ನು ಕಾವಿಗೆ ಕೂರಿಸುತ್ತೇವೆ, ಅದೂ ಸೆಟ್. ಇಂಗ್ಲಿಷೂ ಕನ್ನಡವೂ ಒಂದೇ ಕುಲದ ಭಾಷೆಗಳಲ್ಲ. ಆದರೂ ಮನುಷ್ಯನ ಮನಸ್ಸು ಎರಡು ಕಡೆಯೂ ಒಂದೇ ಹಾದಿಯಲ್ಲಿ ನಡೆದಿದೆ.

ಸಂಸ್ಕೃತದೊಡನೆ ಮಾತ್ರ ಈ ಪದಕ್ಕೆ ನಿಜವಾದ ರಕ್ತಸಂಬಂಧವೇ ಉಂಟು. ಸಂಸ್ಕೃತ, ಗ್ರೀಕ್, ಲ್ಯಾಟಿನ್ ಭಾಷೆಗಳು ಒಂದೇ ಮೂಲದಿಂದ ಬಂದಿರಬೇಕೆಂದು ವಿಲಿಯಂ ಜೋನ್ಸ್ 1786ರಲ್ಲಿ ಕಲ್ಕತ್ತೆಯಲ್ಲಿ ಹೇಳಿದ ಮಾತು ಪ್ರಸಿದ್ಧವಾಗಿದೆ. ಇಂಗ್ಲಿಷು ಸೇರಿರುವ ಶಾಖೆಯೂ ಅದೇ ಮರದ್ದು. ಕುಳಿತುಕೊಳ್ಳು ಎಂಬ ಅರ್ಥದ ಸಂಸ್ಕೃತದ ‘ಸದ್’ ಧಾತುವೂ ಇಂಗ್ಲಿಷಿನ ಸಿಟ್ ಪದವೂ ಒಡಹುಟ್ಟಿದವು. ನಾಲ್ಕು ಜನ ಕುಳಿತುಕೊಳ್ಳುವ ಸದನ, ಸುತ್ತ ಕುಳಿತುಕೊಳ್ಳುವ ಪರಿಷತ್ತು, ಒಟ್ಟಾಗಿ ಕುಳಿತುಕೊಳ್ಳುವ ಸಂಸತ್ತು, ಗುರುವಿನ ಬಳಿಯಲ್ಲಿ ಕುಳಿತು ಕಲಿಯುವ ಉಪನಿಷತ್ತು, ಇವೆಲ್ಲ ಆ ಧಾತುವಿನ ಮಕ್ಕಳು. ಮಕ್ಕಳು ಹೆದರುವ ಸೆಟ್ ಎಂಬ ಪದ ಉಪನಿಷತ್ತಿನ ನೆಂಟನೆಂದರೆ ನಿಮಗೆ ಆಶ್ಚರ್ಯವಾಗಬಹುದು; ಆದರೆ ಅದು ನಿಜ.

ಈಗ ‘ಕೂರಿಸು’ ಎಂಬ ಬೀಗದಕೈಯನ್ನು ಹಿಡಿದು ಕೆಲವು ಬಾಗಿಲುಗಳನ್ನು ತೆರೆದು ನೋಡೋಣ.

ಒಂದು ವಸ್ತುವನ್ನು ಅದು ಇರಬೇಕಾದ ಜಾಗದಲ್ಲಿ ಇರಿಸುವುದು ಮೊದಲನೆಯದು. ಮೇಜಿನ ಮೇಲೆ ದೀಪ, ನೆಲದ ಮೇಲೆ ಹೆಜ್ಜೆ, ಮೂಲೆಯಲ್ಲಿ ಇಲಿಬೋನು ಇಡುವುದೆಲ್ಲ ಇದರಲ್ಲಿ ಸೇರುತ್ತದೆ. ಇರಬೇಕಾದ ರೀತಿಯಲ್ಲಿ ಹೊಂದಿಸುವುದು ಎರಡನೆಯದು. ಗಡಿಯಾರದ ಮುಳ್ಳನ್ನು ಸರಿಯಾದ ಹೊತ್ತಿಗೆ ತಿರುಗಿಸುವುದು, ಊಟದ ಮೇಜಿನ ಮೇಲೆ ತಟ್ಟೆ ಲೋಟಗಳನ್ನು ಅಣಿಮಾಡುವುದು, ಮುದ್ರಣಾಲಯದಲ್ಲಿ ಅಚ್ಚಿನ ಮೊಳೆ ಜೋಡಿಸುವುದು, ಕವಿತೆಯನ್ನು ರಾಗಕ್ಕೆ ಅಳವಡಿಸುವುದು, ಇವೆಲ್ಲ ಸೆಟ್. ಮೂರನೆಯದು, ಕೈಗೆ ಸಿಕ್ಕದ ಸಂಗತಿಯನ್ನು ಗೊತ್ತುಮಾಡಿ ನಿಲ್ಲಿಸುವುದು. ಮದುವೆಗೆ ದಿನ, ಸರಕಿಗೆ ಬೆಲೆ, ವಿದ್ಯಾರ್ಥಿಗಳಿಗೆ ಪ್ರಶ್ನೆಪತ್ರಿಕೆ, ಕಿರಿಯರಿಗೆ ಮೇಲ್ಪಂಕ್ತಿ, ಇವನ್ನೂ ಸೆಟ್ ಮಾಡುತ್ತಾರೆ. ನಾಲ್ಕನೆಯದು, ಒಂದು ಸ್ಥಿತಿಗೆ ತರುವುದು. ಸೆಟ್ ಫ್ರೀ ಎಂದರೆ ಬಿಡುಗಡೆ ಮಾಡು, ಸೆಟ್ ಆನ್ ಫೈರ್ ಎಂದರೆ ಬೆಂಕಿ ಇಡು.

ಇದುವರೆಗಿನವೆಲ್ಲ ಸಕರ್ಮಕ. ಕರ್ಮವಿಲ್ಲದೆ ತಾನೇ ಸೆಟ್ ಆಗುವುದೂ ಉಂಟು. ಹರಿದಾಡುತ್ತಿದ್ದದ್ದು ಅಲುಗದೆ ನೆಲೆಯಾಗಿ ಕುಳಿತರೆ ಅದು ಸೆಟ್. ಸಿಮೆಂಟು ಗಟ್ಟಿಯಾಗುತ್ತದೆ, ಹಾಲು ಹೆಪ್ಪುಗಟ್ಟಿ ಮೊಸರಾಗುತ್ತದೆ. ನಾವು ಕಟ್ಟು ಎಂಬ ಕ್ರಿಯಾಪದವನ್ನು ಬಳಸುವ ಕಡೆ ಅವರು ಸೆಟ್ ಎನ್ನುತ್ತಾರೆ.

ಸೂರ್ಯನ ವಿಷಯ ಇನ್ನೂ ಸೊಗಸು. ದಿನವೆಲ್ಲ ಅಲೆದ ಸೂರ್ಯ ಸಂಜೆಗೆ ಕೆಳಗಿಳಿದು ಕುಳಿತುಕೊಳ್ಳುತ್ತಾನೆ ಎಂಬುದು ಇಂಗ್ಲಿಷಿನ ಭಾವನೆ. ಹಳೆಯ ಇಂಗ್ಲಿಷಿನಲ್ಲಿ ಸೂರ್ಯಾಸ್ತಕ್ಕೆ ‘ಪೀಠಕ್ಕೆ ಹೋಗುವುದು’ ಎಂದು ಅರ್ಥ ಬರುವ ಮಾತೇ ಇತ್ತು. ವೇದಗಳ ಸಂಸ್ಕೃತದಲ್ಲಿ ‘ಅಸ್ತ’ ಎಂದರೆ ಮನೆ. ಅಲ್ಲಿ ಸೂರ್ಯ ಮನೆಗೆ ಹೋಗುತ್ತಾನೆ. ನಮ್ಮ ಕನ್ನಡದಲ್ಲಿ ಅವನು ಮುಳುಗುತ್ತಾನೆ. ಹಳಗನ್ನಡದಲ್ಲಿ ‘ಪಡು’ ಎಂದರೆ ಮಲಗು, ಮುಳುಗು. ಪಡುವಣ ದಿಕ್ಕಿಗೆ ಹೆಸರು ಬಂದದ್ದು ಅದರಿಂದ. ನೋಡುವ ನೋಟ ಒಂದೇ. ಒಬ್ಬರಿಗೆ ಅವನು ಕುಳಿತಂತೆ, ಒಬ್ಬರಿಗೆ ಮನೆಗೆ ಹೋದಂತೆ, ಇನ್ನೊಬ್ಬರಿಗೆ ಮುಳುಗಿದಂತೆ ಕಂಡಿದ್ದಾನೆ.

ಇನ್ನು ಜಾನ್ಸನ್ ಹೇಳಿದ ಕಿರುಪದಗಳ ತೊಡಕು. ಸಂಸ್ಕೃತ ಕಲಿತವರಿಗೆ ಉಪಸರ್ಗಗಳ ಪರಿಚಯವಿರುತ್ತದೆ. ಅದೇ ‘ಸದ್’ ಧಾತುವಿನ ಮುಂದೆ ‘ಪ್ರ’ ಬಂದರೆ ಪ್ರಸಾದ, ‘ವಿ’ ಬಂದರೆ ವಿಷಾದ. ಒಂದು ಮನಸ್ಸು ತಿಳಿಯಾಗುವುದು, ಇನ್ನೊಂದು ಕುಗ್ಗುವುದು. ಇಂಗ್ಲಿಷಿನ ಔಟ್, ಇನ್, ಅಪ್, ಆಫ್ ಮುಂತಾದವೂ ಇಂಥ ಉಪಸರ್ಗಗಳೇ ಎಂದು ತಿಳಿಯಿರಿ. ಅವು ಧಾತುವಿನ ಮುಂದೆ ನಿಲ್ಲದೆ ಹಿಂದೆ ಬರುತ್ತವೆ, ಅಷ್ಟೆ. ಸೆಟ್ ಔಟ್ ಎಂದರೆ ಪ್ರಯಾಣ ಹೊರಡು. ಸೆಟ್ ಅಪ್ ಎಂದರೆ ಸ್ಥಾಪಿಸು. ಸೆಟ್ ಇನ್ ಎಂದರೆ ಬಂದು ನೆಲೆಯೂರು. ಮಾನ್ಸೂನ್ ಸೆಟ್ ಇನ್ ಆಯಿತು ಎಂದು ಇಂಗ್ಲಿಷು ವಾರ್ತೆಯಲ್ಲಿ ಕೇಳಿದರೆ, ‘ಮುಂಗಾರು ಮಳೆ ಹಿಡಿಯಿತು’ ಎಂದುಕೊಳ್ಳಿ. ಈ ‘ಹಿಡಿಯಿತು’ ಎಂಬುದರಲ್ಲಿ ಇರುವ ಸೊಗಸು ‘ಪ್ರಾರಂಭವಾಯಿತು’ ಎಂಬುದರಲ್ಲಿ ಇಲ್ಲ.

ಕಿರುಪದ ಒಂದೇ ಇದ್ದರೂ ಸಂದರ್ಭ ಬದಲಾದರೆ ಅರ್ಥ ಬೇರೆಯಾಗುತ್ತದೆ. ಇದನ್ನು ತಿಳಿಯದಿದ್ದರೆ ನಷ್ಟವೂ ಆಗಬಹುದು. ಮಗಳ ಓದಿಗೆಂದು ಹಣವನ್ನು ಸೆಟ್ ಅಸೈಡ್ ಮಾಡಿದರೆ, ಅದನ್ನು ಜೋಪಾನವಾಗಿ ತೆಗೆದಿಟ್ಟಂತಾಯಿತು. ಆದರೆ ಮೇಲಿನ ನ್ಯಾಯಾಲಯ ಕೆಳಗಿನ ನ್ಯಾಯಾಲಯದ ತೀರ್ಪನ್ನು ಸೆಟ್ ಅಸೈಡ್ ಮಾಡಿದರೆ, ಆ ತೀರ್ಪು ರದ್ದಾಯಿತು. ಜಮೀನಿನ ವ್ಯಾಜ್ಯ ಗೆದ್ದ ಮನುಷ್ಯ, ತನ್ನ ತೀರ್ಪನ್ನು ಯಾರೋ ಜೋಪಾನವಾಗಿ ತೆಗೆದಿಟ್ಟಿದ್ದಾರೆಂದು ನಂಬಿ ಕೈಕಟ್ಟಿ ಕುಳಿತರೆ ಗತಿಯೇನು?

ಇಷ್ಟೆಲ್ಲ ಕೇಳಿದ ಮೇಲೆ, ಇಂಗ್ಲಿಷು ಎಷ್ಟು ಗೋಜಲಿನ ಭಾಷೆ ಎಂದು ನಿಮಗೆ ಅನ್ನಿಸಬಹುದು. ಅನ್ನಿಸುವ ಮೊದಲು ನಮ್ಮ ಮನೆಯನ್ನು ಒಮ್ಮೆ ನೋಡಿಕೊಳ್ಳೋಣ. ‘ಇಡು’ ಎಂಬ ಎರಡಕ್ಷರದ ಕ್ರಿಯಾಪದವನ್ನೇ ತೆಗೆದುಕೊಳ್ಳಿ. ಮಗುವಿಗೆ ಹೆಸರಿಡುತ್ತೇವೆ, ಮುತ್ತಿಡುತ್ತೇವೆ, ಹಣೆಗೆ ಕುಂಕುಮ ಇಡುತ್ತೇವೆ. ಬಾಗಿಲಿಗೆ ರಂಗೋಲಿ ಇಡುತ್ತೇವೆ. ಕೋಳಿ ಮೊಟ್ಟೆ ಇಡುತ್ತದೆ, ನರಿ ಊಳಿಡುತ್ತದೆ, ಬಡವ ದೇವರಿಗೆ ಮೊರೆಯಿಡುತ್ತಾನೆ. ಒಡವೆ ಅಡವಿಡುತ್ತೇವೆ, ಸ್ನೇಹಿತನಲ್ಲಿ ನಂಬಿಕೆ ಇಡುತ್ತೇವೆ, ಹೊಸ ಮನೆಗೆ ಕಾಲಿಡುತ್ತೇವೆ. ಕೇಡಿಗ ಮೆದೆಗೆ ಬೆಂಕಿಯನ್ನೂ ಇಡುತ್ತಾನೆ. ಹೊರಗಿನವರೊಬ್ಬರು ಕನ್ನಡ ಕಲಿಯಲು ಬಂದು, ‘ಹೆಸರನ್ನು ಎಲ್ಲಿ ಇಟ್ಟಿರಿ? ಊಳನ್ನು ಎಲ್ಲಿ ಇಟ್ಟಿತು?’ ಎಂದು ಕೇಳಿದರೆ ನಾವು ಏನು ಹೇಳುತ್ತೇವೆ? ಇಂಗ್ಲಿಷು ತನ್ನ ಕ್ರಿಯಾಪದದ ಹಿಂದೆ ಕಿರುಪದವನ್ನು ನಿಲ್ಲಿಸಿ ಅರ್ಥ ತಿರುಗಿಸುತ್ತದೆ; ಕನ್ನಡ ಮುಂದೆ ನಾಮಪದವನ್ನು ನಿಲ್ಲಿಸಿ ಅರ್ಥ ತಿರುಗಿಸುತ್ತದೆ. ‘ಇಡು’ವಿನ ಇಷ್ಟು ಅರ್ಥಗಳನ್ನು ಯಾರೂ ಬಾಯಿಪಾಠ ಮಾಡಿಸದೆ ಕಲಿತ ಮಗುವಿಗೆ ಸೆಟ್ ಎಂಬುದು ಬೆಟ್ಟವಾಗಬೇಕಾಗಿಲ್ಲ.

ಮನೆಯಲ್ಲಿ ಮಕ್ಕಳನ್ನು ಓದಿಸುವ ತಂದೆತಾಯಿಗಳಿಗೆ ಒಂದು ಮಾತು. ‘ಸೆಟ್ ಎಂದರೇನು, ಅರ್ಥ ಹೇಳು’ ಎಂದು ಮಗುವನ್ನು ಬಿಡಿಯಾಗಿ ಕೇಳಬೇಡಿ. ಅದಕ್ಕೆ ನಿಮ್ಮಿಂದಲೂ ಉತ್ತರ ಬರಲಾರದು. ವಾಕ್ಯವನ್ನು ಕೊಟ್ಟು ಮೂರು ಪ್ರಶ್ನೆ ಕೇಳಿ. ಯಾರು ಸೆಟ್ ಮಾಡಿದರು? ಏನನ್ನು? ಹಿಂದೆ ಯಾವುದಾದರೂ ಕಿರುಪದ ಇದೆಯೇ? ಈ ಮೂರಕ್ಕೆ ಉತ್ತರ ಸಿಕ್ಕಿದರೆ, ‘ಇಂಥ ಕಡೆ ನಮ್ಮ ಮನೆಯಲ್ಲಿ ಏನನ್ನುತ್ತೇವೆ?’ ಎಂದು ಕೇಳಿ. ಮೂಲಾರ್ಥ ದಾರಿ ತೋರಿಸುತ್ತದೆ. ಆದರೆ ಕನ್ನಡದ ಪದವನ್ನು ಗೊತ್ತುಮಾಡುವುದು ಕನ್ನಡದ ರೂಢಿ. ಮೂಳೆಯನ್ನು ಕೂರಿಸಬಹುದೆಂದು ಪ್ರಶ್ನೆಪತ್ರಿಕೆಯನ್ನೂ ಕೂರಿಸಲಾಗದು, ಅದನ್ನು ತಯಾರಿಸಬೇಕು.

ಇನ್ನೊಂದು ಸಣ್ಣ ವಿಷಯ ಉಳಿಯಿತು. ಮೊದಲು ಹೇಳಿದ ರೇಡಿಯೋ ಸೆಟ್ಟು, ಟೀ ಸೆಟ್ಟು, ಸೆಟ್ ದೋಸೆಗಳ ಸೆಟ್ಟು ಈ ಧಾತುವಿನಿಂದ ಬಂದದ್ದಲ್ಲ. ಗುಂಪು, ಜೊತೆ ಎಂಬ ಅರ್ಥದ ಆ ನಾಮಪದ ಲ್ಯಾಟಿನ್ನಿನಿಂದ ಫ್ರೆಂಚಿನ ಮೂಲಕ ಇಂಗ್ಲಿಷಿಗೆ ಬಂದದ್ದು. ಹಿಂಬಾಲಿಸುವವರ ಪಂಗಡ ಎಂಬುದು ಅದರ ಹಳೆಯ ಅರ್ಥ. ಕಾಲಕ್ರಮದಲ್ಲಿ ಎರಡು ಪದಗಳೂ ಒಂದೇ ರೂಪ ತಾಳಿ ಬೆರೆತುಹೋದವು. ಪದಗಳ ಮುಖ ನೋಡಿ ಕುಲ ಹೇಳಬಾರದು ಎಂಬುದಕ್ಕೆ ಇದೊಂದು ಸಾಕ್ಷಿ.

ಮುಖ ನೋಡಿ ತೀರ್ಮಾನ ಹೇಳುವ ತಪ್ಪನ್ನು ನಾನೂ ಮಾಡಿದೆನಲ್ಲವೆ? ಇಂಗ್ಲಿಷು ಪಾಠಕ್ಕೆ ಹಳ್ಳಿಯ ತಾತನ ಮಾತು ಏಕೆ ಎಂದು ನಾನು ಅಂದುಕೊಂಡೆ. ನಿಘಂಟು ನನ್ನ ಕಣ್ಣು ತೆರೆಸುವ ಹೊತ್ತಿಗೆ ಆ ಹುಡುಗ ಶಾಲೆ ಮುಗಿಸಿ ಹೋಗಿದ್ದ. ಆಮೇಲೆ ಅವನು ನನಗೆ ಸಿಕ್ಕಲಿಲ್ಲ. ಅಂದಿನಿಂದ ಪ್ರತಿವರ್ಷವೂ ಹೊಸ ತರಗತಿಗೆ ಈ ಕಥೆಯನ್ನು ಹೇಳುತ್ತಾ ಬಂದಿದ್ದೇನೆ. ಮಗುವೊಂದು ನಾನು ಕಾಣದ ಉತ್ತರ ಬರೆದರೆ, ಹೊಡೆದುಹಾಕುವ ಮೊದಲು, ‘ಇದು ನಿನಗೆ ಎಲ್ಲಿಂದ ಬಂತಪ್ಪಾ?’ ಎಂದು ಕೇಳುತ್ತೇನೆ. ಹಲವು ಸಲ ಅದು ಅಜ್ಜಿಯಿಂದಲೋ ತಾತನಿಂದಲೋ ಬಂದಿರುತ್ತದೆ. ಹಲವು ಸಲ ಸರಿಯಾಗಿಯೂ ಇರುತ್ತದೆ.

ರೇಡಿಯೋದ ಮಾತು ಎಲ್ಲೆಲ್ಲಿಗೋ ಹೋಗುತ್ತದೆ. ಆ ಹುಡುಗ ಈಗ ನಾಲ್ಕು ಜನರ ಸಂಸಾರ ನಡೆಸುತ್ತಿರುವ ಗೃಹಸ್ಥನಾಗಿರಬಹುದು. ಅವನ ಮನೆಯ ಸೆಟ್ಟಿನಲ್ಲಿ ಈ ಮಾತು ಕೇಳಿಬಂದರೆ, ಮೇಷ್ಟರು ತಮ್ಮ ತಪ್ಪನ್ನು ಒಪ್ಪಿಕೊಂಡಿದ್ದಾರೆಂದು ಅವನು ತಿಳಿಯಲಿ. ಅವನ ಉತ್ತರ ಸರಿಯಾಗಿತ್ತು. ಅವನ ತಾತನ ಮಾತೂ ಸರಿಯಾಗಿತ್ತು.